ಕೋಟೆಗೆ ಎರೆದ ನೀರು

ಬಿಸಿಲಿಗೆ ಕಾದ ಬಾಗಿಲ ಕಲ್ಲಿಗೆ ನೀರು ಹಾಕಿದಾಗ ಏಳುವ ವಾಸನೆಯಿಂದ ನನಗೆ ಇಂದಿಗೂ ಕಬ್ಬಾಳಿನ ಬೆಟ್ಟ ನೆನಪಾಗುತ್ತದೆ.

ನಾನು ಚಿಕ್ಕವಳಿದ್ದಾಗ, ಅಮ್ಮನ ಎರಡನೆಯ ಹೆರಿಗೆ ಸುಸೂತ್ರವಾಗಿದ್ದಕ್ಕೆ ಕಬ್ಬಾಳಮ್ಮನ ಹರಕೆ ತೀರಿಸಲು ಅಜ್ಜಿ ಅಂದು ತೊಟ್ಟು ನೀರೂ ಕುಡಿಯದೆ ಬೆಟ್ಟ ಹತ್ತುತ್ತಿದ್ದಳು. ತುದಿಯಲ್ಲಿ ದೀಪ ಹಚ್ಚಿದ ಮೇಲೆ ಅವಳು ಕುಡಿಯಲೆಂದು ಒಂದು ಚೊಂಬು ನೀರು ನನ್ನ ಕೈಯಲ್ಲಿತ್ತು. ಪಾಳುಬಿದ್ದ ಕೋಟೆಗೋಡೆಯ ಹತ್ತಿರ ಸರಪಳಿ ಸದ್ದಾಯಿತು. "ಅವ್ವಾ, ಒಸಿ ನೀರು" ಎಂಬ ದನಿಯೂ ಕೇಳಿತು. ಅರಸರ ಕಾಲದಲ್ಲಿ ಅಲ್ಲಿ ಸೆರೆಯಿದ್ದು ಸತ್ತವರ ದನಿ ಅದು. ನಮ್ಮೂರಲ್ಲಿ ಯಾರೂ ಹೆದರುತ್ತಿರಲಿಲ್ಲ. ಕೇಳಿದವರು ಬಂಡೆಗೆ ಒಂದು ಬೊಗಸೆ ನೀರೆರೆದು ಮುಂದೆ ಹೋಗುವುದು ವಾಡಿಕೆ. ಅಜ್ಜಿ ಮುಂದೆ ಹೋಗಿದ್ದಳು. ದನಿ ನಿಲ್ಲಲಿಲ್ಲ, ನಾನು ಎರೆಯುತ್ತಲೇ ಇದ್ದೆ.

ದೀಪ ಹಚ್ಚಿ ಅಜ್ಜಿ ಕೈಚಾಚಿದಳು. ಚೊಂಬು ಬರಿದಾಗಿತ್ತು.

"ಏನವ್ವ, ಇಡೀ ಕೋಟೆಗೇ ಕುಡಿಸ್ಬುಟ್ಯಾ?"

ಅವಳ ತುಟಿ ಒಣಗಿ ಬಿರಿದಿತ್ತು. ನನಗೆ ಅಳು ಬಂತು.

"ಅಳ್ಬೇಡ ಕಣವ್ವ. ನಾನು ಕೆಳಕ್ಕಿಳಿದ್ರೆ ಬಾವಿ ಐತೆ. ಅವ್ರು ಎಲ್ಲಿಗಿಳಿದಾರು?"

ತಾಯಿ ಕಬ್ಬಾಳಮ್ಮನ ದಯೆ, ಬಿಸಿಲಿಗೆ ಒಂದು ಮೋಡ ಅಡ್ಡ ಬಂತು. ಮೂರು ಕಡೆ ಕೂತು ಸುಧಾರಿಸಿಕೊಂಡು, ನನ್ನ ಹೆಗಲು ಹಿಡಿದು ಅಜ್ಜಿ ಬಾವಿಯವರೆಗೂ ಇಳಿದಳು. ನೀರು ಸೇದಿ, ಮೊದಲ ಬೊಗಸೆಯನ್ನು ನನಗೆ ಕುಡಿಸಿದಳು.