ಕಿರೀಟವಿಟ್ಟ ಸವತಿ

ಕತ್ತರಿ ಹುಡುಕುತ್ತ ವೈಶಾಲಿ ಡ್ರಾಯರುಗಳನ್ನು ಎಳೆದೆಳೆದು ಬಡಿಯುತ್ತಿದ್ದಳು. ದುಃಖಕ್ಕಲ್ಲ, ಸಿಟ್ಟಿಗೆ.

ಅವ್ವ ಗುರುಶಾಂತವ್ವ ತೀರಿಕೊಂಡು ಅವತ್ತಿಗೆ ಒಂದು ವರ್ಷ. ಹತ್ತು ಗಂಟೆಗೆ ಪರದೇಶದ ಟೊರೆನ್ಸ್ ಊರಿನ ಈ ಮನೆಯಲ್ಲಿ ಪುಣ್ಯಸ್ಮರಣೆ. ಅವ್ವನ ಗೆಳತಿ ಇಂದಿರಾ ಆಂಟಿ ರಾಂಚೊ ಬರ್ನಾರ್ಡೊದಿಂದ ಆಗಲೇ ಹೊರಟು, ಅರ್ಧ ದಾರಿ ಬಂದಿದ್ದೇನೆಂದು ಫೋನ್ ಕೂಡ ಮಾಡಿದ್ದರು. ಇಂಥ ಹೊತ್ತಿನಲ್ಲಿ ಅಪ್ಪ ಅಣ್ಣಾಸಾಹೇಬರು, ಎಪ್ಪತ್ತೆಂಟು ವರ್ಷದ ಮನುಷ್ಯ, ದೀಪದ ಮುಂದಿದ್ದ ಅವ್ವನ ಫೋಟೋ ತೆಗೆದು ಬದಿಗಿಟ್ಟಿದ್ದರು. ಆ ಜಾಗದಲ್ಲಿ ಒಬ್ಬ ರಾಜಕುಮಾರಿಯನ್ನು ತಂದು ಕೂರಿಸಿದ್ದರು.

ಹಳೆಯ ಕಪ್ಪು-ಬಿಳುಪು ಫೋಟೋ. ಹಿಂದೆ ನಾಟಕದ ಪರದೆ. ರುಮಾಲು ಸುತ್ತಿದ ಗಿರಿಜಾಮೀಸೆಯ ರಾಜ, ಅವನ ಭುಜಕ್ಕೆ ಒರಗಿದ ರಾಜಕುಮಾರಿ. ಪುಟ್ಟ ಕಿರೀಟ, ಮೊಣಕಾಲಿನವರೆಗೆ ಜಡೆ, ಕಾಡಿಗೆ ತುಂಬಿದ ಕಣ್ಣು. ಚೆಲುವೆಯೇನೋ ಹೌದು. ಆದರೆ ಒರಗಬೇಕಾದರೆ ಅವಳು ಬಗ್ಗಬೇಕಾಗಿತ್ತು. ಎತ್ತರದ ಚಪ್ಪಲಿ ಮೆಟ್ಟಿಕೊಂಡು ಮೆರೆದಿದ್ದಾಳೆ ಎಂದುಕೊಂಡಳು ವೈಶಾಲಿ. ಫೋಟೋದ ಬೆನ್ನಿಗೆ ನೀಲಿ ಶಾಯಿಯಲ್ಲಿ ಎರಡೇ ಪದ: 'ನನ್ನ ರಾಜಕುಮಾರಿಗೆ.' ಬರೆದದ್ದು ಬರೆದು, ಕೊಡುವ ಧೈರ್ಯವಾಗದೆ ತಾನೇ ಇಟ್ಟುಕೊಂಡಿತು ಪಾಪ, ಅಪ್ಪನೆಂಬ ಈ ಮಹಾರಾಜ!

"ಅಪ್ಪಾ, ಏನಿದು? ಇವತ್ತ ಯಾರ ದಿನಾ ಅನ್ನೋದು ನೆನಪೈತೇನು ನಿಮಗ?"

"ಐತವ್ವಾ. ಅದಕ್ಕ ಇಟ್ಟೀನಿ."

"ಅವ್ವನ ಫೋಟೋ ಯಾಕ ತೆಗೆದ್ರಿ?"

"ಅದು ವೀಸಾಕ್ಕ ತೆಗೆಸಿದ್ದು. ಕಿವಿ ಕಾಣಬೇಕು, ನಗಬಾರದು ಅಂತ ಹೆದರಿಸಿ ಕೂಡಿಸಿದ್ರು. ಅದರಾಗ ಆಕಿ ಎಲ್ಲಿದಾಳ?"

ಹೌದು, ಅದು ವೀಸಾ ಫೋಟೋವೇ. ಊರು ಬಿಟ್ಟು ಇಲ್ಲಿಗೆ ಬಂದು ಸತ್ತ ಹಿರಿಯರಿಗೆಲ್ಲ ಕೊನೆಗೆ ಅದೇ ಫೋಟೋ ದೊಡ್ಡದಾಗುತ್ತದೆ, ಅದಕ್ಕೇ ಹಾರ ಬೀಳುತ್ತದೆ. ಆದರೆ ಅದು ಚೆನ್ನಾಗಿಲ್ಲವೆಂದು ಸತ್ತ ಹೆಂಡತಿಯ ಜಾಗಕ್ಕೆ ಇನ್ನೊಬ್ಬಳನ್ನು ತರುವುದೇ?

ಗದಗಿನಲ್ಲಿ ವಯಸ್ಸಿನ ಕಾಲಕ್ಕೆ ಅಪ್ಪ ನಾಟಕದ ಹುಚ್ಚು ಹಚ್ಚಿಕೊಂಡಿದ್ದರೆಂದು ಅವಳಿಗೆ ಗೊತ್ತಿತ್ತು. ಹುಚ್ಚು ಯಾವುದೆಂದು ಇವತ್ತು ತಿಳಿಯಿತು. ಐವತ್ತು ವರ್ಷ ರೊಟ್ಟಿ ಬಡಿದವಳು ಅವ್ವ. ನೆನಪಿನಲ್ಲಿ ಉಳಿದವಳು ಬಣ್ಣ ಬಳಿದುಕೊಂಡ ರಾಜಕುಮಾರಿ!

ಒಂಬತ್ತು ವರ್ಷದ ಮಗಳು ಶೀತಲ್ ಅಷ್ಟರಲ್ಲಿ ಫೋಟೋದ ಮುಂದೆ ಬಂದು ಕುಣಿದಳು. "ಅಜ್ಜಾ, ಡು ಹರ್ ಲೈನ್ಸ್! ಪ್ಲೀಸ್!"

ಅಣ್ಣಾಸಾಹೇಬರು ಸೊಂಟದ ಮೇಲೆ ಕೈಯಿಟ್ಟು, ಕತ್ತು ಕೊಂಕಿಸಿ, ಜೇನಿನಂಥ ದನಿಯಲ್ಲಿ ನುಡಿದರು: "ತಂದೆಯೇ, ಗಡಿಯಲ್ಲಿ ಕಲ್ಲು ನೆಡಿರಿ. ಮಗಳನ್ನು ನೆಡಬೇಡಿರಿ!"

ವೈಶಾಲಿಯ ಮೈ ಉರಿಯಿತು. ದಿನಾ ಸಂಜೆ ಇದೇ ಪಾರಾಯಣ. ಸಂಧಿಗೆಂದು ಮುದಿ ಅರಸನಿಗೆ ಕೊಟ್ಟ ರಾಜಕುಮಾರಿ, ಗೆದ್ದವನ ಪಾಲಿಗೆ ಆನೆ ಕುದುರೆಯ ಜೊತೆ ಹೋದ ರಾಜಕುಮಾರಿ. ಇತಿಹಾಸದ ತುಂಬ ಅಪ್ಪಂದಿರು ಹೆಣ್ಣುಮಕ್ಕಳನ್ನು ಕೊಟ್ಟು ರಾಜ್ಯ ಉಳಿಸಿಕೊಂಡರು. ಕಥೆಯಲ್ಲಿ ಮಾತ್ರ ಆ ಹುಡುಗಿಯರಿಗೆ ಪ್ರಿಯಕರ ಸಿಕ್ಕ. ಅದನ್ನೆಲ್ಲ ಮೊಮ್ಮಗಳಿಗೆ ಹೇಳುತ್ತಿದ್ದಾರೆಂದು ಮೆಚ್ಚಿಕೊಂಡಿದ್ದಳು ಬೇರೆ! ರಾಜನ ಮಾತು ಒಂದೂ ಈ ಮನುಷ್ಯನ ಬಾಯಲ್ಲಿ ಬಂದದ್ದಿಲ್ಲ. ಅವಳ ಮಾತು ಮಾತ್ರ ಐವತ್ತೈದು ವರ್ಷವಾದರೂ ಬಾಯಿಪಾಠ.

ಮಗಳನ್ನು ಹಿತ್ತಲಿಗೆ ಅಟ್ಟಿ ಬಾಗಿಲು ಹಾಕಿದಳು.

"ಅವ್ವಗ ಗೊತ್ತಿತ್ತೇನು, ಈಕಿ ವಿಷಯ?"

"ಆಕಿಗೆ ಗೊತ್ತಿಲ್ದ ಏನು? ಟ್ರಂಕಿನಾಗ ಬಚ್ಚಿಟ್ಟಾಕಿನ ನಿಮ್ಮವ್ವ. ನಾ ಸಾಯೂತನಾ ಯಾರಿಗೂ ತೋರಸಬ್ಯಾಡ್ರಿ, ನಮ್ಮಣ್ಣಗೋಳು ಕಾಲು ಮುರೀತಾರ ಅಂದಿದ್ಲು."

"ಮುರೀಬೇಕಾಗಿತ್ತು!"

ನಾಲ್ಕಡಿ ಹತ್ತಿಂಚಿನ ಹೆಂಗಸು ಅವ್ವ. ದನಿಯೆತ್ತಿದರೆ ಇಡೀ ಓಣಿ ಗಪ್ಪಾಗುತ್ತಿತ್ತು. ಅಂಥವಳು ಈ ಒಂದು ವಿಷಯಕ್ಕೆ ಬಾಯಿಗೆ ಬೀಗ ಹಾಕಿಕೊಂಡು ಬದುಕಿದಳಲ್ಲ! ಮರ್ಯಾದೆಗೆ ಹೆದರಿ, ಸವತಿಯನ್ನು ಸೀರೆಗಳ ಕೆಳಗೆ ಕಾಪಾಡಿದಳಲ್ಲ! ವೈಶಾಲಿಗೆ ಅಪ್ಪನ ಮೇಲಿನಷ್ಟೇ ಸಿಟ್ಟು ಅವ್ವನ ಮೇಲೂ ಬಂತು.

ಕತ್ತರಿ ಸಿಕ್ಕಿತು.

"ತಡೀ ವೈಶಾಲಿ. ಒಂದು ಮಾತು ಕೇಳು."

"ಕೇಳೂದೇನೂ ಉಳಿದಿಲ್ಲ. ಅವ್ವನ ದೀಪದ ಮುಂದ ಈಕಿ ಕೂಡಂಗಿಲ್ಲ."

ಕಚಕ್ಕೆಂದು ಫೋಟೋ ಎರಡು ಹೋಳಾಯಿತು. ರಾಜಕುಮಾರಿಯನ್ನು ಅಡುಗೆಮನೆಯ ಕಸದ ಬುಟ್ಟಿಗೆ, ಈರುಳ್ಳಿ ಸಿಪ್ಪೆಯ ಮೇಲೆ ಎಸೆದು ಬಂದಳು. ರಾಜನನ್ನು ಅಪ್ಪನ ಮುಂದೆ ಬಿಸಾಡಿದಳು.

"ತಗೋರಿ. ನಿಮ್ಮನ್ನ ನೀವ ನೋಡ್ಕೋತ ಕೂಡ್ರಿ."

ಅಣ್ಣಾಸಾಹೇಬರ ಮುಖ ಕಪ್ಪಿಟ್ಟಿತು. ಎದ್ದು, ಎಂದಿನಂತೆ ಊಟದ ಮೇಜಿನ ಮೇಲಿನ ತೂಗುದೀಪಕ್ಕೆ ತಲೆ ತಾಗದಂತೆ ಬಗ್ಗಿ, ಅಡುಗೆಮನೆಗೆ ಹೋದರು. ಕಸದೊಳಗೆ ಕೈ ಹಾಕಿ ರಾಜಕುಮಾರಿಯನ್ನು ಎತ್ತಿಕೊಂಡು, ಧೋತರದ ಚುಂಗಿನಿಂದ ಒರೆಸಿ, ಅಂಗಿಯ ಕಿಸೆಗೆ ಇಳಿಬಿಟ್ಟರು. ಮರಳಿ ಬಂದವರು ನೆಲದ ಮೇಲಿದ್ದ ರಾಜನನ್ನು ಎರಡೂ ಕೈಯಲ್ಲಿ ಎತ್ತಿ ದೀಪದ ಮುಂದೆ ಆನಿಸಿ ನಿಲ್ಲಿಸಿದರು. ಮಲ್ಲಿಗೆಯ ಹಾರವನ್ನು ಅದಕ್ಕೇ ಹಾಕಿದರು.

"ನಾಚಿಕಿ ಬರೂದಿಲ್ಲೇನು?" ವೈಶಾಲಿ ಕಿರುಚಿದಳು. "ಬದುಕಿದ್ದಾಗ ತನ್ನ ಫೋಟೋಕ್ಕ ತಾನ ಮಾಲಿ ಹಾಕ್ಕೋತಾರೇನು ಯಾರರೆ?"

"ನಂದು ಕಿಸೆದಾಗ ಐತಿ," ಎನ್ನುತ್ತ ಅಣ್ಣಾಸಾಹೇಬರು ಕುಂಕುಮದ ಬೆರಳನ್ನು ರಾಜನ ಹಣೆಗೆ ಒತ್ತಿದರು. "ರಾಜನ ಪಾರ್ಟಿನವಗ ಅವತ್ತ ಜ್ವರಾ ಬಂದಿತ್ತವ್ವಾ. ಮೀಸಿ ನಿಮ್ಮವ್ವಗ ಭಾಳ ಒಪ್ಪಿತ್ತು."