ಹಾಡಿನಿಂದ ಬಿಡಿಸಿಕೊಂಡ ಕೂಗು

ಒಂದಾನೊಂದು ಊರಿನಲ್ಲಿ ಒಂದು ಕೂಗು ಹಾಡಿಗಿಂತ ದೊಡ್ಡದಾಗಿ ಬೆಳೆದಿತ್ತು. "ಅಪ್ಪ ಬಂದಾ!" ಹಾಡಿನ ನಡುವೆ ಪುಟ್ಟ ಹುಡುಗಿಯೊಬ್ಬಳು ಕೂಗುವ ಎರಡೇ ಮಾತು. ಲಾರಿಗಳ ಬೆನ್ನ ಮೇಲೆ ಅದೇ. ಸಾಹೇಬರು ಮೆಟ್ಟಿಲು ಹತ್ತಿದರೆ ಗುಮಾಸ್ತರು ಪಿಸುಗುಟ್ಟುವುದೂ ಅದೇ. ಗಾಯಕ ವೇದಿಕೆಗೆ ಕಾಲಿಟ್ಟರೆ ಸಾವಿರ ಗಂಟಲು ಅದನ್ನೇ ಕೂಗುತ್ತಿದ್ದವು. ಅವನು ಊರಿಗೆಲ್ಲ ಅಪ್ಪನಾದ, ಮನೆಯೊಂದನ್ನು ಬಿಟ್ಟು.

ಆ ಹುಡುಗಿ ಈಗ ಸ್ಟುಡಿಯೊದಲ್ಲಿ ಹಳೆಯ ಧ್ವನಿಗಳ ಕೊಳೆ ತೆಗೆಯುವವಳು. ನಾಳೆ ಹಾಡು ಹೊಸದಾಗಿ ಹೊರಬರಲಿತ್ತು. ಟೇಪು ಅವಳ ಮುಂದೆ, ಗಾಯಕ ಬೆನ್ನ ಹಿಂದೆ.

"ನನ್ನ ಹಾಡಿಗೇ ಕತ್ತರಿ ಹಾಕ್ತೀಯೇನೆ?"

"ಹಾಡು ನಿಮ್ಮದು, ಇಟ್ಕೊಳ್ಳಿ. ಕೂಗು ನಂದು, ತಗೊಂಡು ಹೋಗ್ತೀನಿ."

"ಅದಿಲ್ದೆ ಹೋದ್ರೆ ಹಾಡನ್ನ ನಾಯಿನೂ ಮೂಸಲ್ಲ!"

"ಅಂತೂ ಒಂದು ನಿಜ ಹೇಳಿದ್ರಿ."

ಅಮ್ಮ ಸಾಯುವ ಮೊದಲು ಮಾತು ತೆಗೆದುಕೊಂಡಿದ್ದಳು: "ಆ ಹಾಡಿಂದ ನಿನ್ನ ಕೂಗನ್ನ ಬಿಡಿಸ್ಕೋ ಮಗಳೇ." ಅಮ್ಮನ ರೀತಿಯೇ ವಿಚಿತ್ರ. ರೇಡಿಯೊದಲ್ಲಿ ಆ ಹಾಡು ಬಂದರೆ ಮುಖ ಸಿಂಡರಿಸುವಳು. ಕೂಗು ಕೇಳಿದ್ದೇ ಓಡಿಬಂದು ಕಿವಿ ಹಚ್ಚುವಳು. ಮರುಕ್ಷಣ ಪಟ್ಟನೆ ಆರಿಸುವಳು.

ಮಗಳು ಟೇಪಿನಲ್ಲಿ ಕೂಗನ್ನು ಅಂಟಿಸಿದ ಬೆಸುಗೆ ಹುಡುಕಿದಳು. ಗಾಯಕ ಕೇಳಿದವರಿಗೆಲ್ಲ ಹೇಳಿಕೊಂಡು ಬಂದಿದ್ದ, ತಾನು ಮನೆಗೆ ಬಂದಾಗ ಕೂಸು ಕೂಗಿದ್ದು ಬೇರೆ ಟೇಪಿನಲ್ಲಿ ಸಿಕ್ಕಿತ್ತು, ಅದನ್ನೇ ಹಾಡಿಗೆ ಅಂಟಿಸಿದೆ ಎಂದು. ಅಂಟಿಸಿದ ಕಡೆ ಹಿನ್ನೆಲೆಯ ಸದ್ದು ಬದಲಾಗಲೇಬೇಕು. ಬದಲಾಗಲಿಲ್ಲ. ಹಾಡಿನ ಉದ್ದಕ್ಕೂ, ಕೂಗಿನ ಅಡಿಯಲ್ಲೂ, ಫ್ಯಾನಿನ ಅದೇ ಗೊರಗೊರ.

"ಎಲ್ಲಿ ಅಂಟಿಸಿದ್ರಿ?"

"ಸಾಕು, ಆರಿಸು!" ಗಾಯಕ ಸ್ವಿಚ್ಚಿಗೆ ಕೈ ಚಾಚಿದ.

"ಊರೆಲ್ಲ ನಿಮ್ಮನ್ನ ಅಪ್ಪ ಅನ್ನುತ್ತೆ. ನಾನೊಬ್ಬಳು ಅನ್ನದಿದ್ರೆ ನಿಮ್ಮ ಗಂಟೇನೂ ಹೋಗಲ್ಲ," ಎಂದು ಅವಳು ಆ ಕೈಯನ್ನು ತಳ್ಳಿದಳು.

ಬೆರೆತ ದನಿಗಳ ಸಿಕ್ಕು ಬಿಡಿಸುವ ಯಂತ್ರ ಎರಡು ಎಳೆ ಕೊಡಬೇಕಿತ್ತು, ಅವನದೊಂದು, ಅವಳದೊಂದು. ಮೂರು ಕೊಟ್ಟಿತು. ಅವಳು ಗಾಯಕನ ಎಳೆಯ ಬಾಯಿ ಮುಚ್ಚಿದಳು. ಪರದೆಯ ಮೇಲೆ ಅವನ ಆಲಾಪ, ಕೂಗಿನ ಕ್ಷಣದಲ್ಲೂ ಕಡಿಯದೆ, ಸದ್ದಿಲ್ಲದೆ ಹರಿಯುತ್ತಲೇ ಇತ್ತು.

"ಅಪ್ಪ ಬಂದಾ!" ಅವಳ ಕೂಗು ಕೊನೆಗೂ ಬಿಡುಗಡೆಯಾಯಿತು.

ಟೇಪಿನೊಳಗೇ ಬಾಗಿಲೊಂದು ಕಿರುಗುಟ್ಟಿತು. ಅಲ್ಲಿನ ಹೊಸ್ತಿಲಿನಿಂದ, ಮೂರನೆಯ ಎಳೆಯಾಗಿ, ಅವಳ ನೆನಪಿನಲ್ಲೇ ಇಲ್ಲದ ಗಂಡುದನಿಯೊಂದು ನಗುತ್ತ ಓಗೊಟ್ಟಿತು: "ಬಂದೆ ಕಂದಾ."