ಬಿಗಿ ಅಳತೆ

ಹೆದ್ದಾರಿಗೆ ಅಳತೆ ಹಾಕಲು ಬಂದವರು ದರ್ಜಿಯನ್ನೇನೂ ಕರೆದಿರಲಿಲ್ಲ. ಹೊಲಿಗೆ ಅರ್ಧಕ್ಕೆ ಬಿಟ್ಟು ತಾನಾಗಿಯೇ ಎದ್ದು ಹೋದ. ಟೇಪು ಹಿಡಿಯುವ ವಿದ್ಯೆ ಊರಲ್ಲಿ ತನ್ನೊಬ್ಬನದೇ ಎಂಬ ಗತ್ತು ಅವನದು. ತನ್ನ ಹಿತ್ತಲಲ್ಲೇ ಆ ವಿದ್ಯೆಯ ಮಾನ ಹೋಗುತ್ತಿದ್ದರೆ ಸುಮ್ಮನಿರುವುದು ಹೇಗೆ?

"ಏನ್ರೀ ಇದು, ಟೇಪು ಬಟ್ಟೆ ಒಣಗಿಸೋ ಹಗ್ಗದ ಥರ ಜೋತು ಬಿದ್ದಿದೆ!"

"ನಡೆಯುತ್ತೆ ಬಿಡಣ್ಣ," ಎನ್ನುತ್ತ ಅಳತೆಯವನು ಗೋಡೆಯಿಂದ ಗೇಣು ಈಚೆಗೆ, ಒಗೆಯುವ ಕಲ್ಲಿನ ಪಕ್ಕ ಗುರುತು ಹಾಕಲು ಬಗ್ಗಿದ.

"ನಾನು ಹಿಂಗೆ ಅಳೆದಿದ್ರೆ ಊರಿನವರ ಪ್ಯಾಂಟೆಲ್ಲ ಮೊಣಕಾಲಿಗೇ ನಿಲ್ತಿತ್ತು. ಕೊಡಿ ಇಲ್ಲಿ!"

ದರ್ಜಿ ಟೇಪಿನ ತುದಿ ಕಿತ್ತುಕೊಂಡು ಹಲ್ಲು ಕಚ್ಚಿ ಎಳೆದ. ಟೇಪು ನೆಟ್ಟಗಾಯಿತು. ಅಳತೆ ಗೇಣುದ್ದ ಮುಂದಕ್ಕೆ ಹೋಗಿ ಗೋಡೆಗೆ ತಗುಲಿತು. ಅಳತೆಯವನು ಒಮ್ಮೆ ಗೋಡೆ ನೋಡಿದ, ಒಮ್ಮೆ ದರ್ಜಿಯ ಮುಖ ನೋಡಿದ, ಗೋಡೆಯ ಮೇಲೆ ಕೆಂಪು ಗೀಟು ಎಳೆದ. ಸಂಜೆಯವರೆಗೂ ದರ್ಜಿ ಬಂದವರಿಗೆಲ್ಲ ಆ ಗೀಟನ್ನು ತೋರಿಸಿ ಬೀಗಿದ. ಅದು ತನ್ನದೇ ಅಡುಗೆಮನೆಯ ಗೋಡೆಯೆಂದು ಅವನಿಗೆ ಹೆಂಡತಿಯೇ ಹೇಳಬೇಕಾಯಿತು.

ಮರುದಿನ ಕಚೇರಿಗೆ ಓಡಿದ. "ಸ್ವಾಮಿ, ಅಳತೆ ತಪ್ಪಾಗಿದೆ."

"ನೀವೇ ಹಿಡಿದದ್ದಂತಲ್ಲ?" ಇಂಜಿನಿಯರು ನಕ್ಕರು. "ಇಡೀ ರಸ್ತೆಯಲ್ಲಿ ಸರಿಯಾದ ಅಳತೆ ಅಂದ್ರೆ ಅದೊಂದೇ!"

ಬೇಸಿಗೆಗೆ ಯಂತ್ರ ಬಂತು, ಗೀಟು ತಪ್ಪದೆ ಗೋಡೆ ಕೆಡವಿ ಹೋಯಿತು. ಒಲೆ ಈಗ ಬೀದಿಗೆ ಮುಖ ಮಾಡಿ ಕೂತಿತ್ತು. ಅನ್ನಕ್ಕೆ ಧೂಳು ಬೀಳುತ್ತಿತ್ತು. ಹೆಂಡತಿ ಕೂಗಾಡಲಿಲ್ಲ. "ಊರಿನವರ ಬಟ್ಟೆಗೆಲ್ಲ ಒಂದು ಬೆರಳು ಸಡಿಲ ಬಿಡ್ತೀರಿ," ಎಂದಳು, "ನಮ್ಮ ಮನೆಗೆ ಬಿಡೋಕಾಗ್ಲಿಲ್ವಾ?"

ದರ್ಜಿ ಹೋಗಿ ಮಿಷನ್ ಮುಂದೆ ಕೂತ. ಮಿಕ್ಕ ತುಂಡುಬಟ್ಟೆಗಳನ್ನೆಲ್ಲ ಜೋಡಿಸಿ ಗೋಡೆಯಗಲದ ಪರದೆ ಹೊಲಿದ. ಬುದ್ಧಿ ಬಂದಿತ್ತಲ್ಲ, ಈ ಸಲ ಧಾರಾಳವಾಗಿ ಸಡಿಲ ಬಿಟ್ಟ.

ಹೆದ್ದಾರಿ ತೆರೆದ ದಿನ ಮೊದಲ ಲಾರಿ ಹಾದುಹೋಯಿತು. ಪರದೆ ಹೊಟ್ಟೆ ಉಬ್ಬಿಸಿಕೊಂಡು ಒಳಗೆ ಬಂದು, ಒಲೆ ಆರಿಸಿ, ಹೊರಗೆ ಹೋಯಿತು.

ಹೆಂಡತಿ ಬೆಂಕಿಪೊಟ್ಟಣ ಹುಡುಕುತ್ತ ತಿರುಗಿಯೂ ನೋಡದೆ ಹೇಳಿದಳು:

"ಬನ್ನಿ, ಅಡುಗೆ ಆಗೋವರೆಗೂ ತುದಿ ಹಿಡ್ಕೊಂಡು ನಿಂತಿರಿ. ನಿಮ್ಮ ಥರ ಬಿಗಿಯಾಗಿ ಯಾರು ಹಿಡೀತಾರೆ!"